ವ್ಯಾಯಾಮದಂಗಳದ ನೀಲಿ ಬಾಟಲಿ

ರಸೆಲ್ ಮಾರುಕಟ್ಟೆಯ ಹಿಂದಿನ ಗಲ್ಲಿಯಲ್ಲಿ ನನ್ನದು ಫೋಟೊಗಳಿಗೆ ಕಟ್ಟು ಹಾಕುವ ಅಂಗಡಿ. ಅದರ ಮೇಲಿನ ಕೋಣೆಯಲ್ಲಿ ಖುರ್ಷೀದಾ ಆಪಾ ಅವರ ಪತ್ತೇದಾರಿ ಕಚೇರಿ. ಮೇಲೆ ಹೋಗಬೇಕಾದವರು ಸಾಮಾನ್ಯವಾಗಿ ನನ್ನ ಅಂಗಡಿಯ ಮುಂದೆ ನಿಂತು, ಯಾವುದೋ ದೇವರ ಪಟದ ಬೆಲೆ ಕೇಳಿ, ಧೈರ್ಯ ತಂದುಕೊಂಡು ಮೆಟ್ಟಿಲು ಹತ್ತುವುದು ರೂಢಿ. ಆ ಗುರುವಾರ ಬೆಳಿಗ್ಗೆ ಬಂದ ಹುಡುಗಿ ಯಾವ ಬೆಲೆಯನ್ನೂ ಕೇಳಲಿಲ್ಲ. ಹೂವಿನ ಬುಟ್ಟಿಗಳ ನಡುವೆ ಓಡಿ ಬಂದವಳೇ ನನ್ನ ಗಾಜಿನ ಹಲಗೆಯನ್ನು ಎರಡೂ ಕೈಯಿಂದ ಹಿಡಿದುಕೊಂಡಳು.

"ಕಾಕಾ, ಒಳಗ ಬರ್ಲೇನ್ರಿ? ಹಿಂದ ಯಾರೋ ಬರಾಕತ್ತಾರ."

ನಾನು ಇಣುಕಿ ನೋಡಿದೆ. ಗಲ್ಲಿಯಲ್ಲಿ ಮಾಂಸದಂಗಡಿಯ ಬೆಕ್ಕೊಂದು ಬಿಟ್ಟರೆ ಯಾರೂ ಇರಲಿಲ್ಲ. ಆದರೂ ಅವಳ ಮುಖ ಕಂಡು ಷಟರನ್ನು ಅರ್ಧ ಎಳೆದೆ.

ಅವಳನ್ನು ಮೇಲಕ್ಕೆ ಕರೆದೊಯ್ದಾಗ ಆಪಾ ಆಗಷ್ಟೇ ಚಹಾ ಸೋಸುತ್ತಿದ್ದರು. ಟೆಲಿಫೋನ್ ಎಕ್ಸ್‌ಚೇಂಜಿನಲ್ಲಿ ಬಹಳ ವರ್ಷ ಕಿವಿಗೆ ಯಂತ್ರ ಹಾಕಿಕೊಂಡು ಕೂತು ನಿವೃತ್ತರಾದ ಹೆಂಗಸು ಅವರು. ಯಾರು ಬಂದರೂ ಮೊದಲು ಮುಖ ನೋಡುವುದಿಲ್ಲ, ದನಿ ಕೇಳುತ್ತಾರೆ.

"ಕೂತ್ಕೋ ಬೇಟಿ. ಶೇಖರಪ್ಪನೋರೇ, ನೀವೂ ಕೂತ್ಕೊಳ್ಳಿ. ಹೇಗೂ ಮೆಟ್ಟಿಲ ಮೇಲೆ ನಿಂತು ಕೇಳ್ತೀರ, ಒಳಗೇ ಕೇಳಿ."

ಹುಡುಗಿಯ ಹೆಸರು ಚನ್ನು. ಹಾವೇರಿ ಕಡೆಯವಳು, ದೈಹಿಕ ಶಿಕ್ಷಣ ಓದಿದವಳು. ಕೆ.ಆರ್. ಪುರಂ ಬಳಿಯ ಮೇಘಮಾಲಾ ಗಾರ್ಮೆಂಟ್ಸ್‌ನಲ್ಲಿ ಹೊಲಿಯುವ ಹೆಂಗಸರಿಗೆ ದಿನಾ ಬೆಳಿಗ್ಗೆ ಕೆಲಸ ಶುರುವಾಗುವ ಮೊದಲು ವ್ಯಾಯಾಮ ಹೇಳಿಕೊಡುತ್ತಿದ್ದಳು. ಹಿಂದೆ ದೊಡ್ಡ ಸರ್ಕಾರಿ ಕಾರ್ಖಾನೆಗಳಲ್ಲಿ ಗಂಡಸರಿಗೆ ಕಬಡ್ಡಿ, ವಾಲಿಬಾಲ್ ಎಂದೆಲ್ಲ ಮೈದಾನವೇ ಇರುತ್ತಿತ್ತು. ಹೊಲಿಗೆ ಯಂತ್ರದ ಮುಂದೆ ಕೂರುವ ಹೆಂಗಸರ ಬೆನ್ನು, ಭುಜಗಳ ಬಗ್ಗೆ ಆ ಕಂಪನಿಯಲ್ಲಿ ಯಾರಾದರೂ ಯೋಚಿಸಿದ್ದು ಇದೇ ಮೊದಲು. ಅದೂ ಬಟ್ಟೆ ಕೊಳ್ಳುವ ಹೊರದೇಶದವರು ಕೇಳಿದ್ದರಿಂದ.

"ಮಂಗಳವಾರ ಹಂಸ ಅನ್ನಾಕಿ ಕೈ ಮ್ಯಾಲೆತ್ತಿದಾಕಿ ಹಂಗ ಬಿದ್ಲ್ರಿ," ಎಂದಳು ಚನ್ನು. "ಕಲ್ಲಿನ ಅಂಚಿಗೆ ತಲಿ ಹೊಡೀತು. ಇನ್ನೂ ಎಚ್ಚರ ಬಂದಿಲ್ಲ. ಡಾಕ್ಟರ್ ಏನ್ ಹೇಳ್ಯಾರ ಗೊತ್ತೇನ್ರಿ? ಬಿ.ಪಿ. ಪಾತಾಳಕ್ಕ ಹೋಗಿತ್ತಂತ. ದಿನಾ ಎಲ್ಲಾರ ಬಾಟಲಿಗೂ ಒಂದ ಪಾತ್ರಿಯಿಂದ ಶರಬತ್ತು ತುಂಬ್ತಾರ್ರಿ. ಆಕಿ ಬಾಟಲಿ ತಳದಾಗ ಮಾತ್ರ ಬಿಳೇ ಪುಡಿ ಸಿಕ್ಕೈತಿ. ಬಿ.ಪಿ. ಇಳಿಸೋ ಗುಳಿಗಿ ಅರದು ಯಾರೋ ಹಾಕ್ಯಾರ. ಪೊಲೀಸ್ರು ನನ್ನ ಮ್ಯಾಲೆ ಅನುಮಾನ ಪಡಾಕತ್ತಾರ್ರಿ."

"ಪೊಲೀಸಿನವರು ನಿನ್ನ ಮೇಲೆ ಯಾಕೆ ಬಿದ್ರು?"

"ನನ್ನ ಬ್ಯಾಗಿನಾಗ ಅಪ್ಪನ ಬಿ.ಪಿ. ಗುಳಿಗಿ ಇದ್ವು. ಗುಲಾಬಿ ಬಣ್ಣದ್ವು. ಊರಿಗೆ ಕಳಸಾಕ ತಗೊಂಡಿದ್ದೆ. ಮತ್ತ ಹಂಸ ವಾರದ ಹಿಂದ ಎಲ್ಲಾರ ಮುಂದ ನನಗ ಬೈದಿದ್ಲು. 'ನಿನ್ನ ಕುಣಿತದಿಂದ ನಮ್ಮ ಟಾರ್ಗೆಟ್ ಕಮ್ಮಿ ಆಗುತ್ತಾ?' ಅಂತ. ಸಂಜಿಕ ಸ್ಟೇಷನ್ನಿಗೆ ಬಟ್ಟಿ ಬರಿ ತಗೊಂಡು ಬಾ ಅಂದಾರ್ರಿ. ಬಟ್ಟಿ ಬರಿ ಅಂದ್ರ ಒಳಗ ಹಾಕ್ತಾರಂತ ಅಲ್ಲೇನ್ರಿ?"

ಆಪಾ ಚಹಾ ಲೋಟವನ್ನು ಅವಳತ್ತ ಸರಿಸಿದರು. ಚನ್ನು ಲೋಟದೊಳಗೆ ಒಮ್ಮೆ ನೋಡಿ, ಮುಟ್ಟದೆ ಹಿಂದಕ್ಕೆ ಸರಿದಳು.

"ತಪ್ಪು ತಿಳ್ಕೋಬ್ಯಾಡ್ರಿ. ಮಂಗಳವಾರದಿಂದ ಯಾರು ಏನು ಕೊಟ್ರೂ ಗಂಟಲದಾಗ ಇಳಿಯಂಗಿಲ್ಲ."

"ನಕ್ಕೋ ಅಂದ್ರೆ ನಕ್ಕೋ, ಬೇಡ ಅಂದ್ರೆ ಬೇಡ, ಬಲವಂತ ಇಲ್ಲ," ಎಂದರು ಆಪಾ. ಬುರ್ಖಾ ಕೈಗೆತ್ತಿಕೊಂಡರು. "ಶೇಖರಪ್ಪನೋರೇ, ಸ್ಕೂಟರಲ್ಲಿ ಪೆಟ್ರೋಲ್ ಇದೆಯಾ?"

ಚನ್ನುವನ್ನು ಆಟೋದಲ್ಲಿ ಕಾರ್ಖಾನೆಗೆ ಕಳಿಸಿ ನಾವು ಹಿಂದೆ ಹೊರಟೆವು. ಹಲಸೂರು ದಾಟಿ, ಟಿನ್ ಫ್ಯಾಕ್ಟರಿಯ ಹತ್ತಿರ ಬಸ್ಸುಗಳ ನಡುವೆ ಸಿಕ್ಕಿಕೊಂಡಾಗ ಆಪಾ ಹಿಂದಿನಿಂದ ನನ್ನ ಕಿವಿಯ ಹತ್ತಿರ ಹೇಳಿದರು: "ಒಂದೇ ಪಾತ್ರೆಯಿಂದ ಎಲ್ಲರಿಗೂ ಶರಬತ್ತು. ಒಬ್ಬಳೇ ಬಿದ್ದಳು. ಅಂದ್ರೆ ಹಾಕಿದವರಿಗೆ ಯಾವ ಬಾಟಲಿ ಯಾರದ್ದು ಅಂತ ಗೊತ್ತಿತ್ತು. ಅಥವಾ ಗೊತ್ತು ಅಂದ್ಕೊಂಡಿದ್ರು."

ಕಾರ್ಖಾನೆಯನ್ನು ಮಂಗಳವಾರವೇ ಮುಚ್ಚಿಸಿ, ಅವತ್ತು ಬೆಳಿಗ್ಗೆಯಷ್ಟೇ ತೆರೆದಿದ್ದರು. ಆದರೆ ಹೆಂಗಸರು ಯಾರೂ ಒಳಗೆ ಯಂತ್ರದ ಮುಂದೆ ಕೂರಲು ಹೋಗಿರಲಿಲ್ಲ. ಅಂಗಳದಲ್ಲಿ ಗುಂಪುಗುಂಪಾಗಿ ನಿಂತಿದ್ದರು. ಒಬ್ಬರ ಮುಖವನ್ನೊಬ್ಬರು ನೋಡುತ್ತಿರಲಿಲ್ಲ. ನೆತ್ತಿಯ ಮೇಲೆ ಬಿಸಿಲು, ಕುಡಿಯುವ ನೀರಿನ ನಲ್ಲಿಯ ಹತ್ತಿರ ಒಬ್ಬರೂ ಇಲ್ಲ. ಒಬ್ಬಾಕೆ ಮನೆಯಿಂದ ತಂದ ನೀರನ್ನು ಸೆರಗಿನೊಳಗೆ ಮುಚ್ಚಿಟ್ಟುಕೊಂಡು, ಪಕ್ಕದವಳಿಗೆ ಬೆನ್ನು ಮಾಡಿ ಒಂದು ಗುಟುಕು ಕುಡಿದಳು.

ಸಬ್ ಇನ್‌ಸ್ಪೆಕ್ಟರ್ ಐಶ್ವರ್ಯಾ ಅಲ್ಲೇ ಇದ್ದರು. ಆಪಾರನ್ನು ಹಿಂದಿನ ಒಂದು ಕೇಸಿನಿಂದ ಬಲ್ಲವರು. "ನೋಡಿ ಮೇಡಮ್, ಯಾರನ್ನ ಬೇಕಾದ್ರೂ ಮಾತಾಡಿಸಿ. ಆದ್ರೆ ಸಂಜೆ ಆ ಹುಡುಗಿಯನ್ನ ನಾನು ಕರ್ಕೊಂಡು ಹೋಗ್ಲೇಬೇಕು. ಮೇಲಿನವರ ಒತ್ತಡ," ಎಂದರು.

ವ್ಯಾಯಾಮದ ಅಂಗಳ ಎಂದರೆ ಮಕ್ಕಳ ಕೋಣೆಗೂ ಕ್ಯಾಂಟೀನಿಗೂ ನಡುವಿನ ಸಿಮೆಂಟು ನೆಲ. ಗೋಡೆಗೆ ಒರಗಿಸಿದ ಕಬ್ಬಿಣದ ಸ್ಟ್ಯಾಂಡಿನಲ್ಲಿ ಸಾಲಾಗಿ ನೀಲಿ ಬಾಟಲಿಗಳು, ಎಲ್ಲವೂ ಒಂದೇ ತರಹ. ವ್ಯಾಯಾಮ ಶುರು ಮಾಡಿದಾಗ ಕಂಪನಿಯೇ ಕೊಟ್ಟದ್ದು. ಮಂಗಳವಾರ ಇದ್ದಂತೆಯೇ ಪೊಲೀಸರು ಅದಕ್ಕೆ ಹಗ್ಗ ಸುತ್ತಿದ್ದರು. ಹಂಸಳ ಬಾಟಲಿಯ ಜಾಗ ಮಾತ್ರ ಖಾಲಿ. ಪ್ರತಿ ಬಾಟಲಿಯ ಕುತ್ತಿಗೆಗೂ ಒಂದೊಂದು ಬಟ್ಟೆಯ ತುಂಡು ಕಟ್ಟಿತ್ತು.

"ಇದೇನು, ಹರಕೆಯಾ?" ಎಂದು ಆಪಾ ಕ್ಯಾಂಟೀನಿನ ಹಬೀಬನನ್ನು ಕೇಳಿದರು.

ಹಬೀಬ್ ಒಣಗಿದ ಬಾಯಿಯಲ್ಲೇ ನಕ್ಕ. ಬೆಳಿಗ್ಗೆ ನಿಂಬೆ ಶರಬತ್ತು ಮಾಡಿ ಎಲ್ಲ ಬಾಟಲಿಗಳಿಗೂ ತುಂಬುತ್ತಿದ್ದವನು ಅವನೇ. ಅವನಿಗೂ ಭಯವಿತ್ತು. "ಹರಕೆ ಅಲ್ಲ ಆಪಾ. ಹೆಸರಿನ ಚೀಟಿ ಅಂಟಿಸಿದ್ರೆ ತೊಳೆಯೋವಾಗ ಕಿತ್ಕೊಂಡು ಹೋಗ್ತಿತ್ತು. ಅದಕ್ಕೆ ಇವ್ರೇ ಒಂದು ಉಪಾಯ ಮಾಡ್ಕೊಂಡ್ರು. ಸಂಜೆ ಬಾಟಲಿ ತೊಳೆದಿಡೋವಾಗ ಅವತ್ತು ಶರ್ಟಿನ ಯಾವ ಭಾಗ ಹೊಲಿದ್ರೋ ಅದರ ಒಂದು ತುಂಡು ಕಟ್ಟೋದು. ಕಫ್ ಹೊಲಿಯೋಳು ಕಫಿಂದು, ಜೇಬು ಹೊಲಿಯೋಳು ಜೇಬಿಂದು. ಕಾಲರ್ ಹೊಲಿಯೋಳು ಆ ಗಟ್ಟಿ ಕ್ಯಾನ್ವಾಸು. ಬೆಳಿಗ್ಗೆ ನಾನು ತುಂಬ್ತೀನಿ, ಅವ್ರು ಬಂದು ತಮ್ಮದು ಎತ್ಕೋತಾರೆ."

"ಹಂಸ ಬೇರೆಯವರ ಬಾಟಲಿ ಎತ್ಕೊಂಡಿರಬಹುದಾ?"

"ಅವಳಾ?" ಹಬೀಬ್ ಕೈ ಬೀಸಿದ. "ಬೇರೆಯವ್ರ ಲೋಟ ತಾಗಿದ್ರೆ ನನ್ನ ಕೈಲಿ ಮತ್ತೆ ತೊಳೆಸ್ತಾಳೆ ಆಪಾ. ತನ್ನದನ್ನೇ ಮೂಸಿ ನೋಡಿ ಕುಡಿಯೋಳು. ಅವತ್ತು ಮೊದಲನೇ ವ್ಯಾನಲ್ಲಿ ಬಂದು ಅರ್ಧ ಕುಡಿದು, 'ನಿಂಬೆ ಬೀಜ ಅರೆದು ಹಾಕಿದ್ದೀಯಾ, ಕಹಿ' ಅಂತ ಬೈದ್ಲು. ಬೈಯೋದು ಅವಳಿಗೆ ದಿನದ ಕೆಲಸ, ನಾನು ತಲೆಗೆ ಹಾಕ್ಕೊಳ್ಳಿಲ್ಲ. ಅದು ಈಗ ರಾತ್ರಿಯೆಲ್ಲ ಕಿವೀಲಿ ಕೇಳ್ತಿದೆ."

"ಎಲ್ಲರನ್ನೂ ಬೈಯ್ತಿದ್ಲಾ?"

"ಸೋಮವಾರ ಸಂಜೆ ಚಹಾ ಹೊತ್ತಲ್ಲಿ ನಿಂಗಣ್ಣನ ಮೇಲೆ ಎಗರಾಡಿದ್ದು ಇಡೀ ಕ್ಯಾಂಟೀನಿಗೇ ಕೇಳಿಸ್ತು. ಅವನನ್ನೇ ಕೇಳಿ."

ನಿಂಗಣ್ಣ ಆ ಲೈನಿನ ಸೂಪರ್‌ವೈಸರ್. ಕುತ್ತಿಗೆಯಲ್ಲಿ ಟೇಪು, ಕಿವಿಯ ಮೇಲೆ ಸೀಮೆಸುಣ್ಣದ ಗುರುತು. ಕೇಳುವ ಮೊದಲೇ ಗೊಣಗಲು ಶುರು ಮಾಡಿದ.

"ನನ್ನನ್ನ ಯಾಕೆ ನೋಡ್ತೀರ ಮೇಡಮ್? ಇದೆಲ್ಲ ಆ ವ್ಯಾಯಾಮದ ಟೀಚರಮ್ಮನಿಂದ. ಸೋಮವಾರ ಬೆಳಿಗ್ಗೆ ಬಂದು, 'ಅಂಜಲಿಗೆ ಬಲಗೈ ಮೇಲಕ್ಕೇ ಏಳ್ತಿಲ್ಲ, ಗಟ್ಟಿ ಬಟ್ಟೆ ಹೊಲಿಸಬೇಡಿ, ಹಗುರದ್ದು ಕೊಡಿ' ಅಂತ ನನ್ನ ಮುಂದೆ ನಿಂತ್ಬಿಟ್ಲು. ಕೊಡೋತನಕ ಜಾಗ ಬಿಡ್ಲಿಲ್ಲ. ಅಂಜಲಿನ ಜೇಬಿಗೆ ಹಾಕಿ ಹಂಸನ ಕಾಲರಿಗೆ ಕೂರಿಸ್ದೆ. ಹಂಸ ಬಿಡ್ತಾಳಾ? ಸಂಜೆ ಚಹಾಕ್ಕೆ ಬಂದವಳು, 'ಅವಳ ಭುಜ ನೋಯುತ್ತೆ ಅಂತ ನನ್ನ ಭುಜ ಮುರೀತೀಯಾ' ಅಂತ ನನ್ನ ವಂಶ ಎಲ್ಲ ಎತ್ತಿದ್ಲು. ಅವತ್ತು ಫ್ಯಾಕ್ಟರಿಲಿದ್ದ ಕಿವುಡನಿಗೂ ಕೇಳ್ಸಿರುತ್ತೆ."

"ನಿಮಗೆ ಸಿಟ್ಟು ಬರ್ಲಿಲ್ವಾ?"

"ಸಿಟ್ಟು ಬಂದವರನ್ನೆಲ್ಲ ಬೀಳಿಸ್ತಾ ಕೂತ್ರೆ ಲೈನಲ್ಲಿ ಹೊಲಿಯೋಕೆ ಯಾರಿರ್ತಾರೆ?" ಎಂದ. ಆ ಮಾತು ನಿಜವೆನಿಸಿತು. ಆದರೆ ಅವನ ಬೆರಳುಗಳು ಟೇಪನ್ನು ಸುತ್ತುತ್ತಲೇ ಇದ್ದವು.

ಅಂಜಲಿ ಮಾತನಾಡಲು ಒಪ್ಪಲು ಬಹಳ ಹೊತ್ತು ಬೇಕಾಯಿತು. ಬಾಣಸವಾಡಿಯಿಂದ ಬರುವ ತೆಳ್ಳಗಿನ ಹೆಂಗಸು. ನನ್ನನ್ನು ಕಂಡು ಬಾಯಿ ಮುಚ್ಚಿಕೊಂಡಳು. ಆಪಾ ಕಣ್ಣು ಸನ್ನೆ ಮಾಡಿದ ಮೇಲೆ ನಾನು ಕಂಬದ ಆಚೆ ನಿಂತೆ. ಕೇಳಿಸುವಷ್ಟು ಹತ್ತಿರದಲ್ಲೇ.

"ಆಪಾ, ಇಲ್ಲಿ ನಮಗೆಲ್ಲ ಮಾತ್ರೆ ಕೊಡ್ತಾರೆ," ಎಂದಳು ಅವಳು. "ಹೊಟ್ಟೆ ನೋವು, ಸೊಂಟ ನೋವು ಅಂದ್ರೆ ಸಾಕು. ಮನೆಗೆ ಹೋದ್ರೆ ಅರ್ಧ ದಿನದ ಕೂಲಿ ಹೋಗುತ್ತಲ್ಲ, ಅದಕ್ಕೆ ನಾವೂ ನುಂಗ್ತಿದ್ವಿ. ಹೆಸರಿಲ್ಲ, ಕವರಿಲ್ಲ, ಬರೀ ಮಾತ್ರೆ. ನೋವು ಹೋಗುತ್ತೆ, ಆದ್ರೆ ತಲೆ ಹತ್ತಿ ತರ ಆಗುತ್ತೆ. ಈ ಟೀಚರ್ ನಮ್ಮನ್ನ ಒಂದೇ ಕಾಲ ಮೇಲೆ ನಿಲ್ಲಿಸ್ತಾರಲ್ಲ, ಮಾತ್ರೆ ನುಂಗಿದ ದಿನ ಯಾರಿಗೂ ನಿಲ್ಲೋಕೇ ಆಗಲ್ಲ. ಅವ್ರಿಗೆ ಅನುಮಾನ ಬಂತು. ಏನು ತಿಂತೀರಾ ಅಂತ ಕೇಳಿದ್ರು. ನಾನು ಹೇಳ್ದೆ."

"ಇನ್ಯಾರಿಗೆ ಹೇಳ್ತೀನಿ ಅಂದಿದ್ದೆ?"

"ಮಂಗಳವಾರ ಬಟ್ಟೆ ಕೊಳ್ಳೋ ಹೊರದೇಶದವ್ರ ಕಡೆಯಿಂದ ತಪಾಸಣೆಯವ್ರು ಬರೋರಿದ್ರು. ಅವ್ರ ಮುಂದೆ ಹೇಳ್ತೀನಿ ಅಂತ ಹೋದ ಶನಿವಾರ ಎಲ್ಲರೆದುರಿಗೂ ಅಂದಿದ್ದೆ. ಹಂಸ ಬಿದ್ದದ್ದೇ, ಅವ್ರು ಬರೋದು ನಿಂತ್ಹೋಯ್ತು. ಈಗ ನಂಗೆ ಹೇಳೋಕೂ ಭಯ."

"ಮಾತ್ರೆ ಕೊಡೋದು ಯಾರು?"

ಅಂಜಲಿ ಮಕ್ಕಳ ಕೋಣೆಯ ಕಡೆ ನೋಡಿದಳು. "ಪ್ರೇಮಕ್ಕ. ಆದ್ರೆ ಅವ್ರು ತಾಯಿ ತರ ಆಪಾ. ನನ್ನ ಮಗೂನ ಎರಡು ವರ್ಷ ಅವ್ರೇ ನೋಡ್ಕೊಂಡಿದ್ದು. ಅವ್ರಿಗೆ ಅದೇನು ಮಾತ್ರೆ ಅಂತ ಗೊತ್ತಿರೋದಿಲ್ಲ. ಅವ್ರನ್ನ ಏನೂ ಅನ್ಬೇಡಿ."

ಮಕ್ಕಳ ಕೋಣೆಯ ಬಾಗಿಲು ಬಾಟಲಿಗಳ ಸ್ಟ್ಯಾಂಡಿನ ಪಕ್ಕಕ್ಕೇ ತೆರೆಯುತ್ತಿತ್ತು. ಪ್ರೇಮಕ್ಕ ಎದ್ದು ಬಂದು ಇಬ್ಬರಿಗೂ ಚಾಪೆ ಹಾಸಿದರು. ಐವತ್ತು ದಾಟಿದ, ಅಗಲ ಮುಖದ, ನೋಡಿದೊಡನೆ ಕಷ್ಟ ಹೇಳಿಕೊಳ್ಳಬೇಕೆನಿಸುವ ಹೆಂಗಸು. ಮತ್ತೆ ಕೂತು, ನಿದ್ದೆ ಮಾಡುತ್ತಿದ್ದ ಮಗುವೊಂದನ್ನು ತೊಡೆಯ ಮೇಲೆ ಎಳೆದುಕೊಂಡರು.

"ಬಿಸಿಲಲ್ಲಿ ಬಂದಿದ್ದೀರಿ, ಮಜ್ಜಿಗೆ ಕುಡೀರಿ," ಎಂದು ಎರಡು ಲೋಟ ಮುಂದಿಟ್ಟರು.

ನಾನು ಲೋಟ ಕೈಗೆತ್ತಿಕೊಂಡೆ. ಬಾಯಾರಿಕೆಯೋ ಬೇಕಾದಷ್ಟಿತ್ತು. ಆದರೆ ಮಜ್ಜಿಗೆಯೂ ಬೆಳ್ಳಗೆ, ಪುಡಿಯೂ ಬೆಳ್ಳಗೆ ಎಂಬ ಯೋಚನೆ ಬಂದದ್ದೇ ಕೈ ಅಲ್ಲೇ ನಿಂತಿತು. ಆಪಾ ತಮ್ಮ ಲೋಟವನ್ನು ಮುಟ್ಟಿಯೇ ಇರಲಿಲ್ಲ. ನಾನು ಕೆಮ್ಮುವ ನಾಟಕ ಮಾಡಿ ಲೋಟ ಕೆಳಗಿಟ್ಟೆ. ಪ್ರೇಮಕ್ಕ ಅದನ್ನು ನೋಡಿದರು.

"ನೀವೂ ವ್ಯಾಯಾಮ ಮಾಡ್ತೀರಾ ಅಕ್ಕಾ?" ಎಂದು ಆಪಾ ಕೇಳಿದರು.

"ಅಯ್ಯೋ, ನನಗೆಲ್ಲಿ. ಬಿ.ಪಿ. ಇದೆ. ಸೋಮವಾರ ಅದಕ್ಕೇ ರಜಾ ಹಾಕಿ ಆಸ್ಪತ್ರೆಗೆ ಹೋಗಿದ್ದೆ. ಬೆಳಿಗ್ಗೆ ಎಲ್ಲರಿಗಿಂತ ಮೊದಲು ಬಂದು ಬಾಗಿಲು ತೆಗೆದ್ರೆ ನಾನು ಮಕ್ಕಳ ಜೊತೆ ಇಲ್ಲೇ, ಒಳಗೆ ಲೈನಿನ ಕಡೆ ಕಾಲೇ ಇಡಲ್ಲ. ಸುಮ್ನೆ ಇದ್ದ ಹೆಣ್ಮಕ್ಕಳನ್ನ ಕುಣಿಸಿ, ಹಾರಿಸಿ, ನೋಡಿ ಏನಾಯ್ತು. ಹಿಂದೆ ಇದೆಲ್ಲ ಇರ್ಲಿಲ್ಲ, ಯಾರೂ ಬೀಳ್ತಾನೂ ಇರ್ಲಿಲ್ಲ."

"ಹಂಸ ಹೇಗೆ?"

"ಬಾಯಿ ಜೋರು, ಮನಸ್ಸು ಒಳ್ಳೇದು. ಸ್ವಲ್ಪ ಅವಸರದ ಹುಡುಗಿ. ಕೈಗೆ ಸಿಕ್ಕಿದ ಬಾಟಲಿ ಎತ್ಕೊಂಡು ಕುಡಿದಿದ್ದಾಳೆ, ಪಾಪ, ಅವಳ ಗ್ರಹಚಾರ." ಪ್ರೇಮಕ್ಕ ಕಣ್ಣೊರೆಸಿಕೊಂಡರು. ಕಣ್ಣೀರು ನಿಜದ್ದೇ. ಅದರಲ್ಲಿ ನನಗೆ ಇವತ್ತಿಗೂ ಅನುಮಾನವಿಲ್ಲ.

ಹೊರಗೆ ಬಂದ ಮೇಲೆ ಆಪಾ ಸ್ಟ್ಯಾಂಡಿನ ಖಾಲಿ ಜಾಗವನ್ನು ಒಮ್ಮೆ ನೋಡಿ ನನ್ನತ್ತ ತಿರುಗಿದರು. "ಶೇಖರಪ್ಪನೋರೇ, ಅಂಜಲಿಯನ್ನ ಒಬ್ಬಳೇ ಎಲ್ಲಿಗೂ ಬಿಡಬೇಡಿ. ಅವಳು ಏನನ್ನೂ ಕುಡಿಯೋದು ಬೇಡ. ಇನ್‌ಸ್ಪೆಕ್ಟರಮ್ಮನಿಗೆ ಹೇಳಿ, ಎಲ್ಲರನ್ನೂ ಅಂಗಳದಲ್ಲಿ ಸೇರಿಸ್ಲಿ. ಮ್ಯಾನೇಜರೂ ಬರಬೇಕು."

ಐಶ್ವರ್ಯಾ ಅವರಿಗೆ ಹೇಳಿ, ನಾನು ಅಂಜಲಿಯ ಪಕ್ಕಕ್ಕೆ ಹೋಗಿ ನಿಂತೆ. ಅವಳು "ಯಾಕಣ್ಣಾ?" ಎಂದಳು. ನೆರಳಿಗೆ ಎಂದೆ, ಅಲ್ಲಿ ನೆರಳೇ ಇರಲಿಲ್ಲ. ಮಕ್ಕಳ ಕೋಣೆಯ ಕಿಟಕಿಯಿಂದ ಯಾರೋ ನಮ್ಮಿಬ್ಬರನ್ನೇ ನೋಡುತ್ತಿದ್ದಂತಿತ್ತು.

ಬಿಸಿಲು ಇಳಿಯುವ ಹೊತ್ತಿಗೆ ಹೆಂಗಸರೆಲ್ಲ ದಿನಾ ವ್ಯಾಯಾಮಕ್ಕೆ ನಿಲ್ಲುವ ಹಾಗೆಯೇ ಸಾಲಾಗಿ ನಿಂತರು. ಯಾರೂ ಹೇಳಿರಲಿಲ್ಲ, ಅಭ್ಯಾಸ. ಮುಂದೆ ಚನ್ನು ಬಟ್ಟೆಯ ಚೀಲ ಹಿಡಿದು ನಿಂತಿದ್ದಳು. ಪಕ್ಕದಲ್ಲಿ ಹಬೀಬ್, ನಿಂಗಣ್ಣ, ಪ್ರೇಮಕ್ಕ. ಗೋಡೆಯ ಹತ್ತಿರ ಮ್ಯಾನೇಜರ್ ಮೊಬೈಲು ಒತ್ತುತ್ತಿದ್ದರು. ಸ್ಟ್ಯಾಂಡಿನ ಹಗ್ಗ ಬಿಚ್ಚಿತ್ತು, ಖಾಲಿ ಇದ್ದ ಜಾಗದಲ್ಲಿ ಆಪಾ ಕ್ಯಾನ್ವಾಸಿನ ತುಂಡು ಕಟ್ಟಿಸಿ ಇಡಿಸಿದ ಇನ್ನೊಂದು ನೀಲಿ ಬಾಟಲಿ ಇತ್ತು.

"ಮೊದಲು ಈ ಹುಡುಗಿಯ ವಿಷಯ," ಎಂದು ಆಪಾ ಶುರು ಮಾಡಿದರು. ಇನ್‌ಸ್ಪೆಕ್ಟರ್ ಕೈಯಿಂದ ಚನ್ನುವಿನ ಗುಲಾಬಿ ಮಾತ್ರೆಯೊಂದನ್ನು ಇಸಿದುಕೊಂಡು, ಚಮಚದಲ್ಲಿ ಅರೆದು, ಚಹಾದ ಗಾಜಿನ ಲೋಟದಲ್ಲಿದ್ದ ನಿಂಬೆ ನೀರಿಗೆ ಹಾಕಿದರು. ನೀರು ನಿಧಾನವಾಗಿ ಗುಲಾಬಿಯಾಯಿತು. ಅಡಿಯಲ್ಲಿ ಕೂತ ಪುಡಿಯೂ ಗುಲಾಬಿಯೇ. "ಹಂಸಳ ಬಾಟಲೀಲಿ ಸಿಕ್ಕಿದ್ದು ಬಿಳಿ ಪುಡಿ. ಈ ಮಾತ್ರೆ ಅದಲ್ಲ."

ಐಶ್ವರ್ಯಾ ಲೋಟವನ್ನು ಬೆಳಕಿಗೆ ಹಿಡಿದು ನೋಡಿ ಕೆಳಗಿಟ್ಟರು.

ಆಪಾ ತಿರುಗಿದರು. ದನಿ ಮೆತ್ತಗಿತ್ತು. "ಪ್ರೇಮಕ್ಕ, ಅಂಜಲಿಗೆ ಬಾಯಾರಿದೆಯಂತೆ. ಅವಳ ಬಾಟಲಿ ಸ್ವಲ್ಪ ಎತ್ತಿಕೊಡ್ತೀರಾ? ನಿಮಗೆ ಎಲ್ಲರದ್ದೂ ಗೊತ್ತಿರುತ್ತಲ್ಲ."

ಪ್ರೇಮಕ್ಕ ಒಮ್ಮೆ ಅಂಜಲಿಯನ್ನು ನೋಡಿದರು. ಆಮೇಲೆ ಸ್ಟ್ಯಾಂಡಿನ ಹತ್ತಿರ ಹೋಗಿ, ಗಟ್ಟಿ ಕ್ಯಾನ್ವಾಸು ಕಟ್ಟಿದ ಬಾಟಲಿಯನ್ನು ಎತ್ತಿ ಅಂಜಲಿಯತ್ತ ಚಾಚಿದರು.

ಸಾಲಿನಲ್ಲಿ ಗುಸುಗುಸು ಎದ್ದಿತು. ಹಿಂದಿನಿಂದ ಯಾರೋ ಹೇಳಿದರು: "ಅಕ್ಕಾ, ಅದು ಅಂಜಲೀದಲ್ಲ. ಕಾಲರು ಸೋಮವಾರದಿಂದ ಹಂಸಂದು."

ಚಾಚಿದ ಕೈ ಹಾಗೆಯೇ ನಿಂತಿತು. ಅಂಜಲಿ ಬಾಟಲಿಯನ್ನು ನೋಡಿದಳು, ಪ್ರೇಮಕ್ಕನನ್ನು ನೋಡಿದಳು. ಅವಳಿಗೆ ಅರ್ಥವಾದ ಗಳಿಗೆಯನ್ನು ನಾನು ಪಕ್ಕದಲ್ಲೇ ನಿಂತು ಕಂಡೆ. ಅವಳು ಕಿರುಚಲಿಲ್ಲ. ನನ್ನ ತೋಳನ್ನು ಎಷ್ಟು ಬಿಗಿಯಾಗಿ ಹಿಡಿದಳೆಂದರೆ ಉಗುರಿನ ಗುರುತು ಉಳಿಯಿತು.

"ಎಲ್ಲರಿಗೂ ತಿಳಿಯೋ ಹಾಗೆ ಹೇಳ್ತೀನಿ," ಎಂದರು ಆಪಾ. "ನಾವೆಲ್ಲ ಹಂಸಳ ವೈರಿ ಯಾರು ಅಂತ ಹುಡುಕ್ತಿದ್ವಿ. ಹಂಸ ಎಲ್ಲರಿಗೂ ಬೈಯ್ತಿದ್ಲು. ಬೈಯೋಳಿಗೆ ಯಾರೂ ಹೆದರಲ್ಲ. ಹೆದರೋದು ಸುಮ್ಮನಿದ್ದವಳು ಬಾಯಿ ತೆರೀತೀನಿ ಅಂದಾಗ. ಮಂಗಳವಾರ ಬಾಯಿ ತೆರೆಯೋಕೆ ಹೊರಟವಳು ಅಂಜಲಿ. ಶನಿವಾರದ ತನಕ ಕಾಲರಿನ ತುಂಡು ಕಟ್ತಿದ್ದವಳೂ ಅಂಜಲಿ. ಅಂದ್ರೆ ಮಾತ್ರೆ ಹಾಕಿದವರು ಅಂಜಲಿಯ ಬಾಟಲಿ ಅಂದ್ಕೊಂಡು ಹಂಸಳದ್ದಕ್ಕೆ ಹಾಕಿದ್ದಾರೆ. ಈ ತಪ್ಪು ಮಾಡೋಕೆ ಎರಡು ಬೇಕು. ತುಂಡು ನೋಡಿ ಆಳು ಗುರುತಿಸೋ ರೂಢಿ ಗೊತ್ತಿರಬೇಕು. ಸೋಮವಾರ ಜಾಗ ಬದಲಾದದ್ದು ಗೊತ್ತಿರಬಾರದು.

"ಜಾಗ ಬದಲು ಮಾಡಿದ್ದೇ ನಿಂಗಣ್ಣ, ಅವರಿಗೆ ಗೊತ್ತು. ಎದುರಿಗೆ ನಿಂತು ಮಾಡಿಸಿದವಳು ಚನ್ನು, ಅವಳಿಗೂ ಗೊತ್ತು. ಸಂಜೆ ಹಂಸ ಕ್ಯಾಂಟೀನಲ್ಲಿ ಕೂಗಾಡಿದ್ದು ಹಬೀಬ್ ಕೇಳಿದ್ದಾನೆ, ಅವತ್ತು ಕೆಲಸಕ್ಕೆ ಬಂದ ನೀವೆಲ್ಲರೂ ಕೇಳಿದ್ದೀರಿ. ಕೇಳದೇ ಇದ್ದವರು ಅವತ್ತು ರಜಾದಲ್ಲಿದ್ದವರು. ಬೆಳಿಗ್ಗೆ ಎಲ್ಲರಿಗಿಂತ ಮೊದಲು ಬಂದು, ಈ ಸ್ಟ್ಯಾಂಡಿನ ಪಕ್ಕದ ಬಾಗಿಲು ತೆರೆಯೋವರು. ಬಿ.ಪಿ. ಮಾತ್ರೆ ಹಿಂದಿನ ದಿನ ತಾನೇ ಆಸ್ಪತ್ರೆಯಿಂದ ತಂದವರು."

ಪ್ರೇಮಕ್ಕ ಬಾಟಲಿಯನ್ನು ಎದೆಗೆ ಒತ್ತಿಕೊಂಡಿದ್ದರು.

"ನೀವು ನನಗೆ ಒಂದು ಮಾತು ಹೇಳಿದ್ರಿ ಅಕ್ಕಾ. ಹಂಸ ಕೈಗೆ ಸಿಕ್ಕಿದ ಬಾಟಲಿ ಎತ್ಕೊಂಡು ಕುಡಿದಳು ಅಂತ. ಅವಳು ತನ್ನದನ್ನ ಬಿಟ್ಟು ಬೇರೆಯದನ್ನ ಮುಟ್ಟೋಳಲ್ಲ, ಅದು ಎಲ್ಲರಿಗೂ ಗೊತ್ತು. ಅವಳು ಕುಡಿದದ್ದು ಬೇರೆಯವರ ಬಾಟಲಿ ಅಂತ ನಂಬಿದವರು ನೀವೊಬ್ಬರೇ. ಯಾಕಂದ್ರೆ ನೀವು ಹಾಕಿದ್ದು ಬೇರೆಯವಳಿಗೆ."

"ಸಾಯ್ಲಿ ಅಂತ ಅಲ್ಲ," ಎಂದರು ಪ್ರೇಮಕ್ಕ. ದನಿ ಮಗುವನ್ನು ಮಲಗಿಸುವಾಗಿನಷ್ಟೇ ಮೆತ್ತಗಿತ್ತು, ಅದೇ ನನಗೆ ಹೆಚ್ಚು ಹೆದರಿಕೆ ತಂದದ್ದು. "ತಲೆ ಸುತ್ತಿ ಕೂತ್ಕೋತಾಳೆ, ಮನೆಗೆ ಕಳಿಸ್ತಾರೆ, ತಪಾಸಣೆಯವ್ರ ಮುಂದೆ ಬರಲ್ಲ ಅಂದ್ಕೊಂಡೆ. ವ್ಯಾಯಾಮದಿಂದ ಬಿದ್ಲು ಅಂತ ಈ ಕುಣಿತಾನೂ ನಿಲ್ಲುತ್ತೆ ಅಂತ. ಒಂದೇ ಕಾಲಲ್ಲಿ ನಿಲ್ಲಿಸಿ ಈ ಟೀಚರಮ್ಮ ನನ್ನ ಮರ್ಯಾದೆ ತೆಗೀತಿದ್ಲು. ಇಷ್ಟು ವರ್ಷ ನೋವು ಅಂತ ಬಂದವರನ್ನ ನಾನು ಬರಿಗೈಲಿ ಕಳಿಸಿದ್ದೀನಾ? ಕೇಳಿ ಇವರನ್ನ."

ಸಾಲಿನಲ್ಲಿ ಹಲವರು ಅಳುತ್ತಿದ್ದರು.

"ಆ ಹೆಸರಿಲ್ಲದ ಮಾತ್ರೆ ಏನು ಅಂತ ನಿಮಗೆ ಗೊತ್ತಿತ್ತಾ?" ಎಂದು ಐಶ್ವರ್ಯಾ ಕೇಳಿದರು.

"ಡಬ್ಬಿ ಬರ್ತಿತ್ತು, ಕೊಡ್ತಿದ್ದೆ. ಯಾರೂ ಮನೆಗೆ ಹೋಗಬಾರದು, ಅಷ್ಟೇ ಹೇಳಿದ್ರು." ಪ್ರೇಮಕ್ಕ ಗೋಡೆಯ ಕಡೆ ನೋಡಿದರು. "ಡಬ್ಬಿ ಕಳಿಸ್ತ ಇದ್ದದ್ದು ಯಾರು ಅಂತ ಅವ್ರನ್ನೇ ಕೇಳಿ."

ಮ್ಯಾನೇಜರ್ ಮೊಬೈಲಿನಿಂದ ತಲೆ ಎತ್ತಲಿಲ್ಲ.

ಮಹಿಳಾ ಪೇದೆಯೊಬ್ಬರು ಪ್ರೇಮಕ್ಕನ ಕೈ ಹಿಡಿದರು. ಒಳಗೆ ಎಚ್ಚರಗೊಂಡ ಮಗು ಅವರನ್ನೇ ಕರೆದು ಅಳತೊಡಗಿತು. ಅವರು ಒಮ್ಮೆ ಆ ಕಡೆ ತಿರುಗಿದರು, ಆಮೇಲೆ ಜೀಪಿನತ್ತ ನಡೆದರು. ಅಷ್ಟರಲ್ಲಿ ಐಶ್ವರ್ಯಾ ಅವರಿಗೆ ಆಸ್ಪತ್ರೆಯಿಂದ ಫೋನು ಬಂತು. ಹಂಸ ಕಣ್ಣು ಬಿಟ್ಟಿದ್ದಾಳೆ, ತಲೆಗೆ ಪಟ್ಟಿ ಬಿಗಿಯಾಗಿದೆ ಎಂದು ನರ್ಸಿಗೆ ಬೈದಳಂತೆ. ಹಬೀಬ್ ನೆಲಕ್ಕೆ ಕುಸಿದು ಕೂತು ಮುಖ ಮುಚ್ಚಿಕೊಂಡ. ನಿಂಗಣ್ಣ ಅವನ ಬೆನ್ನು ತಟ್ಟಿದ.

"ಚನ್ನು, ನೀನಿನ್ನು ಮನೆಗೆ ಹೋಗಬಹುದು," ಎಂದರು ಐಶ್ವರ್ಯಾ. "ಕ್ಷಮಿಸಮ್ಮ."

ಚನ್ನು ಹೋಗಲಿಲ್ಲ. ಬಟ್ಟೆಯ ಚೀಲ ಹಿಡಿದು ಅಲ್ಲೇ ನಿಂತಳು.

ಅಂಜಲಿ ನನ್ನ ತೋಳು ಬಿಟ್ಟು ಆಪಾರ ಹತ್ತಿರ ಹೋದಳು. ಕೇಳಬೇಕೋ ಬೇಡವೋ ಎನ್ನುವಂತೆ ನಿಂತು, ಕೊನೆಗೆ ಕೇಳಿದಳು: "ನಾಳೆ ಹೊಟ್ಟೆ ನೋವು ಬಂದ್ರೆ ನಾವು ಯಾರ ಹತ್ರ ಹೋಗೋಣ ಆಪಾ? ಹೇಳ್ಕೊಳ್ಳೋಕೆ ಅವ್ರೊಬ್ರೇ ಇದ್ರು."

ಆಪಾ ಗೋಡೆಯ ಹತ್ತಿರ ನಿಂತಿದ್ದ ಮ್ಯಾನೇಜರ್ ಕಡೆ ನೋಡಿದರು.

ಚನ್ನು ಚೀಲವನ್ನು ನೆಲಕ್ಕಿಟ್ಟಳು. ಸೀದಾ ಗೋಡೆಯ ಕಡೆ ನಡೆದು ಮ್ಯಾನೇಜರ್ ಮುಂದೆ ನಿಂತಳು.

"ಸರ್, ಆಕಿ ಕೇಳಿದ್ದು ನಿಮಗ ಕೇಳಿಸ್ತೇನ್ರಿ? ನೋವು ಬಂದ ದಿನ ಕೂಲಿ ಹಿಡೀದ ಮನಿಗೆ ಕಳಸ್ತೀರೋ ಇಲ್ಲೋ, ಅಷ್ಟ ಹೇಳ್ರಿ."

"ಇದು ಆಫೀಸಲ್ಲಿ ಕೂತು ಮಾತಾಡೋ ವಿಷಯ," ಎಂದರು ಮ್ಯಾನೇಜರ್.

"ಇಲ್ಲೇ ಮಾತಾಡ್ರಿ. ಎಲ್ಲಾರೂ ಅದಾರ."

ಮೊದಲು ಅಂಜಲಿ ಹೋಗಿ ಅವಳ ಪಕ್ಕದಲ್ಲಿ ನಿಂತಳು. ಆಮೇಲೆ ಮುಂದಿನ ಸಾಲು, ಅದರ ಹಿಂದಿನದು. ಯಾರೂ ಕೂಗಲಿಲ್ಲ, ಕೈ ಎತ್ತಲಿಲ್ಲ. ಬೆಳಿಗ್ಗೆಯಿಂದ ಒಬ್ಬರನ್ನೊಬ್ಬರು ನೋಡಲೂ ಹೆದರುತ್ತಿದ್ದ ಹೆಂಗಸರು ಭುಜಕ್ಕೆ ಭುಜ ತಾಗುವಷ್ಟು ಹತ್ತಿರ ಬಂದು ನಿಂತರು. ಮ್ಯಾನೇಜರ್ ದಾರಿ ಹುಡುಕುವವರಂತೆ ಹಿಂದಕ್ಕೆ ತಿರುಗಿ ನೋಡಿದರು. ಹಿಂದೆ ಗೋಡೆ ಇತ್ತು.